ಜರ್ಮನಿ ನಮ್ಮ ಮದ್ದಿನ ಅಂಗಡಿಯಲ್ಲೂ ಇದೆ

ಸಂಪಾದಕರೇ, ನಮಸ್ಕಾರ.

ಕಳೆದ ಭಾನುವಾರದ ಪುರವಣಿಯಲ್ಲಿ ಜರ್ಮನಿಯ ವಿಜ್ಞಾನದ ಬಗ್ಗೆ ನೀವು ಹಾಕಿದ ಇಡೀ ಪುಟದ ಲೇಖನ ಓದಿದೆ. ಒಂದಲ್ಲ, ಎರಡು ಸಲ. ನನ್ನದು ಪೆರ್ಲ ಪೇಟೆಯಲ್ಲಿ ಒಂದು ಸಣ್ಣ ಮೆಡಿಕಲ್ ಶಾಪು. ಪೇಪರು ಬೆಳಗ್ಗೆ ಬಸ್ಸಿನಲ್ಲಿ ಬರುತ್ತದೆ, ಭಾನುವಾರ ಗಿರಾಕಿ ಕಮ್ಮಿ, ಹಾಗಾಗಿ ಓದಲಿಕ್ಕೆ ಪುರುಸೊತ್ತು ಸಿಗುತ್ತದೆ. ಲೇಖನ ಚೆನ್ನಾಗಿತ್ತು ಅಂತಲೇ ಶುರು ಮಾಡುತ್ತೇನೆ, ಯಾಕೆಂದರೆ ಮುಂದೆ ಸ್ವಲ್ಪ ಜಗಳ ಇದೆ.

ಒಂದು ಡಜನ್ ಫೋಟೊ ಇತ್ತು. ಎಲ್ಲ ಕೋಟು, ಮೀಸೆ. ಪ್ರತಿ ಫೋಟೊದ ಕೆಳಗೆ ಹೆಸರು, ನೊಬೆಲ್ ಸಿಕ್ಕಿದ ವರ್ಷ, ಮತ್ತೆ 'ಕ್ವಾಂಟಂ ಸಿದ್ಧಾಂತಕ್ಕೆ ಕೊಡುಗೆ', 'ಪ್ರತಿರಕ್ಷಣಾ ಶಾಸ್ತ್ರಕ್ಕೆ ಕೊಡುಗೆ', 'ನರವಿಜ್ಞಾನಕ್ಕೆ ಕೊಡುಗೆ' ಅಂತ ಒಂದೊಂದು ಸಾಲು. ಎಂತ ಕೊಡುಗೆ? ಅದು ಎಲ್ಲೂ ಇಲ್ಲ. ಕೊನೆಗೆ ನಮ್ಮ ಮಕ್ಕಳು ಜರ್ಮನಿಯನ್ನು ನೋಡಿ ಕಲಿಯಬೇಕು ಅಂತ ಉಪದೇಶ. ಏನು ಕಲಿಯಬೇಕು ಅಂತ ಹೇಳದೆ ಕಲಿಯಿರಿ ಅಂದರೆ ಹೇಗೆ? ನನ್ನ ಮಗಳು ಹತ್ತನೇ ಕ್ಲಾಸು, ಕನ್ನಡ ಮೀಡಿಯಂ. ಓದಿ ನೋಡಿ "ಅಪ್ಪಾ, ಇದು ಕ್ವಿಜ್ಜಿಗೆ ಆಗ್ತದೆ" ಅಂದಳು. ಅಷ್ಟೇ ಉಪಯೋಗ ಆದದ್ದು.

ನನಗೆ ಹೇಳಲಿಕ್ಕೆ ಇರುವುದು ಒಂದೇ. ಈ ವಿಜ್ಞಾನ ದೂರದ್ದಲ್ಲ. ಸುಮಾರಷ್ಟು ನನ್ನ ಅಂಗಡಿಯ ಕಪಾಟಿನಲ್ಲೇ ಇದೆ, ಫ್ರಿಜ್ಜಿನಲ್ಲಿದೆ, ಸ್ವಲ್ಪ ನಮ್ಮ ಗೇರುಗುಡ್ಡೆಗಳ ಮೇಲೆ ಮಳೆಯ ಹಾಗೆ ಸುರಿದದ್ದೂ ಇದೆ. ಅಲ್ಲಿಂದ ಶುರು ಮಾಡಿ ಬರೆಯಿರಿ ಅಂತ ಕೇಳಲಿಕ್ಕೆ ಈ ಪತ್ರ. ಉದ್ದ ಆಗ್ತದೆ, ಗೊತ್ತು. ಕತ್ತರಿ ನಿಮ್ಮ ಕೈಯಲ್ಲಿದೆ.

ಮೊದಲು ಫ್ರಿಜ್ಜು. ತೋಟದ ಕೆಲಸ ಜೋರಾದ ದಿನಗಳಲ್ಲಿ ಕಾಲಿಗೆ ಬಟ್ಟೆ ಸುತ್ತಿಕೊಂಡು ಯಾರಾದರೂ ಬರುತ್ತಲೇ ಇರುತ್ತಾರೆ. ಕತ್ತಿ ತಾಗಿದ್ದು, ಇಲ್ಲದಿದ್ದರೆ ತುಕ್ಕು ಹಿಡಿದ ಮೊಳೆ ಹೊಕ್ಕಿದ್ದು. "ಒಂದು ಟಿಟಿ ಕೊಡಿ." ಈಗ ಬರುವುದು ಬರೀ ಟಿಟಿ ಅಲ್ಲ, ಟಿಡಿ. ಧನುರ್ವಾಯುವಿನ ಜೊತೆ ಡಿಫ್ತೀರಿಯಾಕ್ಕೂ, ಅಂದರೆ ಹಿಂದೆ ಮಕ್ಕಳ ಜೀವ ತೆಗೆಯುತ್ತಿದ್ದ ಆ ಗಂಟಲಮಾರಿಗೂ, ಸೇರಿಸಿ ಕೊಡುತ್ತಾರೆ. ಈ ಎರಡು ಕಾಯಿಲೆಗಳನ್ನು ಮೊದಲು ಒಟ್ಟಿಗೆ ಹಿಡಿದು ಕೆಲಸ ಮಾಡಿದವರು ಬರ್ಲಿನ್‌ನಲ್ಲಿ ರಾಬರ್ಟ್ ಕಾಕ್ ಎಂಬ ರೋಗಾಣು ವಿಜ್ಞಾನಿಯ ಕೈಕೆಳಗಿದ್ದ ಇಬ್ಬರು. ಎಮಿಲ್ ಫಾನ್ ಬೇರಿಂಗ್ ಮತ್ತು ಜಪಾನಿನ ಕಿಟಾಸಾಟೊ. ವರ್ಷ 1890. ಇಲ್ಲಿ ರೋಗಾಣುವಿಗಿಂತ ಅದು ಉಗುಳುವ ವಿಷವೇ ಜಾಸ್ತಿ ಅಪಾಯ. ಆ ವಿಷವನ್ನು ಸ್ವಲ್ಪ ಸ್ವಲ್ಪ ಒಂದು ಪ್ರಾಣಿಗೆ ಕೊಟ್ಟು ಪಳಗಿಸಿದರೆ ಅದರ ರಕ್ತದಲ್ಲಿ ವಿಷ ಮುರಿಯುವ ಪದಾರ್ಥ ಹುಟ್ಟುತ್ತದೆ. ರಕ್ತದ ತಿಳಿ ತೆಗೆದು ಇನ್ನೊಂದು ಪ್ರಾಣಿಗೆ ಚುಚ್ಚಿದರೆ ಅದೂ ಬದುಕುತ್ತದೆ. ನಿಮ್ಮ 'ಪ್ರತಿರಕ್ಷಣಾ ಶಾಸ್ತ್ರ'ದ ದೊಡ್ಡ ಹೆಜ್ಜೆ ಇದು. 1901ರಲ್ಲಿ ವೈದ್ಯಕೀಯದ ಮೊತ್ತಮೊದಲ ನೊಬೆಲ್ ಬೇರಿಂಗ್‌ಗೆ ಸಿಕ್ಕಿತು. ಕಿಟಾಸಾಟೊಗೆ ಸಿಗಲಿಲ್ಲ. ನಿಮ್ಮ ಪುಟದಲ್ಲೂ ಆತನ ಫೋಟೊ ಇರಲಿಲ್ಲ, ಪಾಪ.

ಲಸಿಕೆ ಬೇರೆ, ಬೇರಿಂಗ್‌ನ ಸೀರಂ, ಅಂದರೆ ಆ ರಕ್ತದ ತಿಳಿ, ಬೇರೆ. ಇದನ್ನು ಗಿರಾಕಿಗಳಿಗೆ ನಾನು ಹೀಗೆ ಹೇಳುತ್ತೇನೆ, ತುಳುವಿನಲ್ಲೂ ಮಲಯಾಳದಲ್ಲೂ ಇದೇ ಮಾತು ನಡೆಯುತ್ತದೆ. ಲಸಿಕೆ ಅಂದರೆ ಅಕ್ಕಿ ಕೊಟ್ಟು ಗಂಜಿ ಬೇಯಿಸಲಿಕ್ಕೆ ಕಲಿಸುವುದು. ಸೀರಂ ಅಂದರೆ ಬೇಯಿಸಿದ ಗಂಜಿಯನ್ನೇ ಬಟ್ಟಲಿಗೆ ಹಾಕುವುದು. ಹಸಿದವನಿಗೆ ಆ ಗಳಿಗೆಯಲ್ಲಿ ಗಂಜಿಯೇ ಬೇಕು, ಆದರೆ ನಾಳೆಗೆ ಅದು ಇಲ್ಲ. ಹುಚ್ಚುನಾಯಿ ಕಚ್ಚಿ ಗಾಯ ಆಳ ಆದರೆ ಲಸಿಕೆಯ ಜೊತೆ ಗಾಯದ ಸುತ್ತ ಇಮ್ಯುನೊಗ್ಲಾಬ್ಯುಲಿನ್ ಚುಚ್ಚುತ್ತಾರಲ್ಲ, ಅದು ಗಂಜಿ. ಅಡಿಕೆ ಹೆಕ್ಕುವಾಗ ಕೊಳಕುಮಂಡಲ ಕಚ್ಚಿದರೆ ಆಸ್ಪತ್ರೆಯಲ್ಲಿ ಹಾಕುವ ಮದ್ದೂ ಗಂಜಿಯೇ, ಇವತ್ತಿಗೂ ಕುದುರೆಯ ರಕ್ತದಿಂದ ತೆಗೆಯುವಂಥದ್ದು. ಹಾವಿನ ಮದ್ದು ಮಾಡಿದವರು ಫ್ರಾನ್ಸಿನವರು, ದಾರಿ ತೋರಿಸಿದ್ದು ಬೇರಿಂಗ್‌ನ ಸೀರಂ. ನೂರಮೂವತ್ತು ವರ್ಷ ಹಳೆಯ ಉಪಾಯ, ನಮ್ಮ ತೋಟದಲ್ಲಿ ಈಗಲೂ ಜೀವ ಉಳಿಸುತ್ತಿದೆ. ಇದನ್ನು ಬರೆದರೆ ನಮ್ಮೂರಲ್ಲಿ ಓದದವರು ಯಾರಿದ್ದಾರೆ ಹೇಳಿ?

ಇನ್ನು ನಿಮ್ಮ ಪಟ್ಟಿಯಲ್ಲಿದ್ದ ಗೆಯೋರ್ಗ್ ಕೋಲರ್. ಮಂಗಳೂರಿನ ದೊಡ್ಡ ಡಾಕ್ಟರುಗಳ ಚೀಟಿಯಲ್ಲಿ 'ಮ್ಯಾಬ್' ಅಂತ ಕೊನೆಯಾಗುವ ಮದ್ದುಗಳು ಬರುತ್ತವೆ. ರಿಟುಕ್ಸಿಮ್ಯಾಬ್, ಟ್ರಾಸ್ಟುಜುಮ್ಯಾಬ್. ನನ್ನಲ್ಲಿ ಅವು ಇರುವುದಿಲ್ಲ, ರೇಟು ಕೇಳಿಯೇ ಗಿರಾಕಿ ಕುಸಿದು ಕೂರುತ್ತಾರೆ. ಆದರೆ ಎಪ್ಪತ್ತು ರೂಪಾಯಿ ಒಳಗಿನ ಪ್ರೆಗ್ನೆನ್ಸಿ ಕಾರ್ಡು ದಿನಾ ಹೋಗುತ್ತದೆ. ಎರಡು ಗೆರೆ ಬಂದರೆ ಸಿಹಿ, ಇಲ್ಲದಿದ್ದರೆ ಮುಂದಿನ ತಿಂಗಳು. ಆ ಗೆರೆ ಮೂಡಿಸುವುದೂ ದುಬಾರಿ ಮ್ಯಾಬ್‌ಗಳೂ ಒಂದೇ ಜಾತಿ, ಪ್ರತಿಕಾಯ, ಅಂದರೆ ಬೇರಿಂಗ್ ಕಂಡ ಆ ವಿಷ ಮುರಿಯುವ ಪದಾರ್ಥದ ಬಳಗ. 1975ರಲ್ಲಿ ಕೋಲರ್ ಮತ್ತು ಮಿಲ್‌ಸ್ಟೈನ್ ಮಾಡಿದ್ದು ಇಷ್ಟು: ಪ್ರತಿಕಾಯ ತಯಾರಿಸುವ ಇಲಿಯ ಕೋಶಕ್ಕೆ ಕೆಲಸ ಗೊತ್ತು, ಆಯುಷ್ಯ ಇಲ್ಲ. ಕ್ಯಾನ್ಸರ್ ಕೋಶಕ್ಕೆ ಆಯುಷ್ಯ ಉಂಟು, ಮಾಡಲಿಕ್ಕೆ ಒಳ್ಳೆ ಕೆಲಸ ಇಲ್ಲ. ಎರಡನ್ನೂ ಬೆಸೆದರು. ಸಾಯದೆ ಒಂದೇ ನಮೂನೆಯ ಪ್ರತಿಕಾಯ ಮಾಡುತ್ತಾ ಹೋಗುವ ಕೋಶ ಸಿಕ್ಕಿತು. ಪೇಟೆಂಟನ್ನೂ ಮಾಡಿಸಲಿಲ್ಲ! ಕೋಲರ್ ಮ್ಯೂನಿಕ್‌ನವ ಹೌದು, ಆದರೆ ಈ ಕೆಲಸ ಆದದ್ದು ಇಂಗ್ಲೆಂಡಿನ ಕೇಂಬ್ರಿಜ್‌ನಲ್ಲಿ, ಮಿಲ್‌ಸ್ಟೈನ್ ಅರ್ಜೆಂಟೀನಾದವರು. ಇದನ್ನು ಜರ್ಮನಿಯ ಖಾತೆಗೆ ಮಾತ್ರ ಬರೆದದ್ದು ಸರಿ ಅಲ್ಲ. ಕೇರಳ-ಕರ್ನಾಟಕ ಗಡಿಯಲ್ಲಿ ಬದುಕುವ ನಮಗೆ ಈ ಖಾತೆಯ ಲೆಕ್ಕ ಸ್ವಲ್ಪ ಬೇಗ ಕಣ್ಣಿಗೆ ಬೀಳುತ್ತದೆ.

ಗಡಿ ಅಂದಾಗ ಕೊರೊನಾ ನೆನಪಾಯಿತು. 2020ರ ಮಾರ್ಚಿನಲ್ಲಿ ರಸ್ತೆಗೆ ಮಣ್ಣು ಸುರಿದು ಗಡಿ ಮುಚ್ಚಿದರು. ನನ್ನ ಸ್ಟಾಕು ಬರುವುದು ಮಂಗಳೂರಿನಿಂದ, ರೋಗಿಗಳು ಹೋಗುವುದೂ ಮಂಗಳೂರಿಗೆ. ಎರಡೂ ನಿಂತವು. ಬಿಪಿ ಮಾತ್ರೆಯ ಸ್ಟ್ರಿಪ್ಪನ್ನು ಕತ್ತರಿಸಿ ನಾಲ್ಕು ಮನೆಗೆ ಹಂಚಿದ್ದು ನನಗೆ ಮರೆತಿಲ್ಲ. ಅದೇ ಹೊತ್ತಿಗೆ ಜರ್ಮನಿಯ ಮೈನ್ಸ್ ನಗರದಲ್ಲಿ ಟರ್ಕಿ ಮೂಲದ ಗಂಡ ಹೆಂಡತಿ, ಉಗುರ್ ಶಾಹಿನ್ ಮತ್ತು ಒಜ್ಲೆಮ್ ಟ್ಯೂರೆಚಿ, ಎಂಆರ್‌ಎನ್‌ಎ ಲಸಿಕೆ ಮಾಡುತ್ತಿದ್ದರು. ಅವರು ಕಂಪನಿ ಕಟ್ಟಿದ್ದು 2008ರಲ್ಲಿ, ಮನಸ್ಸಿನಲ್ಲಿದ್ದದ್ದು ಕ್ಯಾನ್ಸರು. ಆ ಲಸಿಕೆ ನಮ್ಮಲ್ಲಿಗೆ ಬರಲಿಲ್ಲ, ನಾವೆಲ್ಲ ಕೋವಿಶೀಲ್ಡು, ಕೋವ್ಯಾಕ್ಸಿನ್ನಿನವರು. ಆದರೆ ದುಬೈಯಲ್ಲಿದ್ದ ನಮ್ಮೂರ ಹುಡುಗರು ಅದನ್ನೇ, ಫೈಝರ್ ಅಂತ ಹೆಸರಾದದ್ದನ್ನು, ಹಾಕಿಸಿಕೊಂಡು ಬಂದು "ನಮ್ಮದು ಬೇರೆ ಕ್ಲಾಸು" ಅಂತ ಅಂಗಡಿ ಎದುರು ನಿಂತು ಹೇಳುತ್ತಿದ್ದರು. ಗಂಜಿಯ ಉಪಮೆಗೆ ಇದನ್ನು ಸೇರಿಸುವುದಾದರೆ, ಇಲ್ಲಿ ಅಕ್ಕಿಯೂ ಇಲ್ಲ, ಬರೀ ಅಡುಗೆಯ ಚೀಟಿ ಕಳಿಸುತ್ತಾರೆ. ಸಾಮಾನೆಲ್ಲ ನಮ್ಮ ಮೈಯದ್ದೇ.

ಕೊರೊನಾದ ಇನ್ನೊಂದು ವಸ್ತು ಈಗಲೂ ನನ್ನ ಮೇಜಿನ ಮೇಲೆ ಇದೆ, ಹಣೆಗೆ ಹಿಡಿಯುವ ಥರ್ಮಾಮೀಟರ್ ಗನ್ನು. ಮುಟ್ಟದೆ ಅದಕ್ಕೆ ಜ್ವರ ಹೇಗೆ ಗೊತ್ತಾಗುತ್ತದೆ? ನಿಮ್ಮ ಪುಟದ ಮೊದಲ ಫೋಟೊ ಮ್ಯಾಕ್ಸ್ ಪ್ಲಾಂಕ್‌ದು. ಉತ್ತರ ಅಲ್ಲೇ ಇತ್ತು, ನೀವು ಹೇಳಲಿಲ್ಲ. ಕುಲುಮೆಯಲ್ಲಿ ಕಬ್ಬಿಣ ಕಾಯುವಾಗ ಮೊದಲು ಕೆಂಪು, ಆಮೇಲೆ ಹಳದಿ, ಕೊನೆಗೆ ಬೆಳ್ಳಗೆ ಉರಿಯುತ್ತದೆ. ಬಿಸಿಗೂ ಬೆಳಕಿಗೂ ಹೀಗೊಂದು ಲೆಕ್ಕ ಇದೆ. ನಮ್ಮ ಮೈಯೂ ಹೀಗೇ ಬೆಳಕು ಬಿಡುತ್ತದೆ, ಆದರೆ ಅದು ಇನ್‌ಫ್ರಾರೆಡ್, ಕಣ್ಣಿಗೆ ಕಾಣುವುದಿಲ್ಲ. ಗನ್ನು ಅದನ್ನು ಅಳೆದು ಜ್ವರ ಹೇಳುತ್ತದೆ. ಹಳೆಯ ಭೌತಶಾಸ್ತ್ರದ ಪ್ರಕಾರ ಲೆಕ್ಕ ಹಾಕಿದರೆ ಬಿಸಿ ವಸ್ತುವಿನಿಂದ ಕೊನೆಯೇ ಇಲ್ಲದಷ್ಟು ಬೆಳಕು ಬರಬೇಕಿತ್ತು. ಹಾಗಾಗುವುದಿಲ್ಲ ಅಂತ ಎಲ್ಲರಿಗೂ ಗೊತ್ತು. 1900ರ ಅಕ್ಟೋಬರಿನ ಒಂದು ಭಾನುವಾರ ರೂಬೆನ್ಸ್ ಎಂಬ ಪ್ರಯೋಗಶಾಲೆಯ ಗೆಳೆಯ ಹೆಂಡತಿಯ ಜೊತೆ ಪ್ಲಾಂಕ್‌ರ ಮನೆಗೆ ಬಂದು ಹೊಸ ಅಳತೆಗಳನ್ನು ಹೇಳಿದ. ಅವರು ಹೋದ ಮೇಲೆ ಅದೇ ಸಂಜೆ ಪ್ಲಾಂಕ್ ಆ ಅಳತೆಗೆ ಹೊಂದುವ ಸೂತ್ರ ಬರೆದರು. ಸೂತ್ರ ಸಿಕ್ಕಿತು, ಕಾರಣ ಸಿಕ್ಕಿರಲಿಲ್ಲ. ಅದಕ್ಕೆ ಇನ್ನೂ ಎರಡು ತಿಂಗಳು ತಲೆ ಕೆಡಿಸಿಕೊಂಡು, ಡಿಸೆಂಬರ್ 14ರಂದು ಬರ್ಲಿನ್‌ನಲ್ಲಿ, ಶಕ್ತಿಯನ್ನು ಎಣ್ಣೆಯ ಹಾಗೆ ಸುರಿಯುವುದಲ್ಲ, ಸಕ್ಕರೆ ಅಚ್ಚಿನ ಹಾಗೆ ತುಂಡು ತುಂಡಾಗಿ ಎಣಿಸಬೇಕು ಅಂತ ಹೇಳಿದರು. ಕ್ವಾಂಟಂ ಅಂದರೆ ಆ ತುಂಡು. ಮಗಳಿಗೆ ಗನ್ನು ತೋರಿಸಿ ಇದನ್ನು ಹೇಳಿದೆ. ಅವತ್ತು ಕ್ವಿಜ್ಜಿನ ಮಾತು ಬರಲಿಲ್ಲ.

ಸೀನು, ಅಲರ್ಜಿಗೆ ಕೊಡುವ ಸೆಟ್ರಿಜಿನ್ ಮಾತ್ರೆಗೂ ಒಂದು ಕತೆ ಇದೆ. 1925ರ ಜೂನ್‌ನಲ್ಲಿ ಗಾಟಿಂಗನ್‌ನಲ್ಲಿದ್ದ ವೆರ್ನರ್ ಹೈಸನ್‌ಬರ್ಗ್ ಎಂಬ 23 ವರ್ಷದ ಹುಡುಗನಿಗೆ ಹುಲ್ಲಿನ ಪರಾಗದಿಂದ ವಿಪರೀತ ಸೀನು, ಮುಖ ಊದಿತು. ರಜೆ ಹಾಕಿ ಹೆಲ್ಗೊಲ್ಯಾಂಡ್ ಎಂಬ ಕಲ್ಲುಬಂಡೆಯ ದ್ವೀಪಕ್ಕೆ ಹೋದ. ಅಲ್ಲಿ ಪರಾಗದ ಕಾಟ ಇಲ್ಲ. ಎಲೆಕ್ಟ್ರಾನು ಎಲ್ಲಿ ಸುತ್ತುತ್ತದೆ ಅಂತ ಯಾರೂ ಕಂಡಿಲ್ಲ, ಆ ದಾರಿಯ ಮಾತು ಬಿಟ್ಟು ಅಳೆಯಲಿಕ್ಕೆ ಆಗುವ ಬೆಳಕಿನ ಲೆಕ್ಕ ಮಾತ್ರ ಇಟ್ಟುಕೊಳ್ಳೋಣ ಅಂತ ಆತ ಕೂತು ಬರೆದ. ರಾತ್ರಿ ಮೂರು ಗಂಟೆ ಹೊತ್ತಿಗೆ ಲೆಕ್ಕ ತಾಳೆ ಬಿತ್ತು, ನಿದ್ದೆ ಬರಲಿಲ್ಲ, ಬಂಡೆ ಹತ್ತಿ ಸೂರ್ಯ ಹುಟ್ಟುವುದನ್ನು ಕಾದ. ಆ ಲೆಕ್ಕದಲ್ಲಿ ಒಂದು ವಿಚಿತ್ರ ಇತ್ತು: ಸಂಖ್ಯೆಗಳ ಎರಡು ಪಟ್ಟಿಗಳನ್ನು ಹಿಂದುಮುಂದು ಗುಣಿಸಿದರೆ ಉತ್ತರವೇ ಬೇರೆ. ಆತನಿಗೆ ಗಾಬರಿ. ನಮಗೆ ಅದರಲ್ಲಿ ಅಂಥ ಗಾಬರಿ ಇಲ್ಲ, ವೀಳ್ಯದೆಲೆಗೆ ಸುಣ್ಣ ಹಚ್ಚಿ ಮಡಚುವುದೂ ಮಡಚಿದ ಮೇಲೆ ಸುಣ್ಣ ಹಚ್ಚುವುದೂ ಒಂದೇ ಅಲ್ಲ ಅಲ್ವಾ? ಎರಡು ರೂಪಾಯಿಯ ಸೆಟ್ರಿಜಿನ್ ಆಗ ಇದ್ದಿದ್ದರೆ ಹುಡುಗ ಊರಲ್ಲೇ ಮಲಗಿರುತ್ತಿದ್ದನೋ ಏನೋ. ವಿಶ್ವಸಂಸ್ಥೆ 2025ನ್ನು ಕ್ವಾಂಟಂ ವರ್ಷ ಅಂತ ಆಚರಿಸಿದ್ದು ಈ ನೂರು ವರ್ಷದ ಲೆಕ್ಕದಲ್ಲಿ.

ಆ ವಿಚಿತ್ರ ಗುಣಾಕಾರ ಮ್ಯಾಟ್ರಿಕ್ಸ್ ಗಣಿತದ್ದು ಅಂತ ಗುರುತಿಸಿದವರು ಆತನ ಗುರು ಮ್ಯಾಕ್ಸ್ ಬಾರ್ನ್. ನಿಮ್ಮ ಲೇಖನದಲ್ಲಿ ಅವರಿಗೆ ಒಂದೂವರೆ ಸಾಲು. ಒಂದು ಕನ್ನಡ ಪೇಪರು ಅದಕ್ಕಿಂತ ಜಾಸ್ತಿ ಕೊಡಬೇಕಿತ್ತು ಅಂತ ನನ್ನ ವಾದ. ಯಹೂದಿ ಅಂತ 1933ರಲ್ಲಿ ಹಿಟ್ಲರನ ಸರಕಾರ ಅವರನ್ನು ಕೆಲಸದಿಂದ ಹೊರಗೆ ಹಾಕಿತು. ಸಿ.ವಿ. ರಾಮನ್ ಬೆಂಗಳೂರಿಗೆ ಕರೆದರು. 1935-36ರಲ್ಲಿ ಬಾರ್ನ್ ಸುಮಾರು ಆರು ತಿಂಗಳು ಅಲ್ಲಿನ ಇಂಡಿಯನ್ ಇನ್‌ಸ್ಟಿಟ್ಯೂಟ್ ಆಫ್ ಸೈನ್ಸ್‌ನಲ್ಲಿದ್ದರು. ಕಾಯಂ ಮಾಡಬೇಕು ಅಂತ ರಾಮನ್ ಹಟ ಹಿಡಿದರು, ಒಳಗಿನವರೇ ವಿರೋಧ ಮಾಡಿದರು, ಆಗಲಿಲ್ಲ. ಬಾರ್ನ್ ಎಡಿನ್‌ಬರೋಗೆ ಹೋದರು, 1954ರಲ್ಲಿ ನೊಬೆಲ್ ಬಂತು. ಜರ್ಮನಿ ಓಡಿಸಿದ್ದು, ನಾವು ಇಟ್ಟುಕೊಳ್ಳದೆ ಹೋದದ್ದು, ಎರಡೂ ಒಂದೇ ಮನುಷ್ಯನನ್ನು. ಜರ್ಮನಿಯನ್ನು ನೋಡಿ ಕಲಿಯುವುದಿದ್ದರೆ ಇದನ್ನೂ ಸೇರಿಸಿ ಕಲಿಯಬೇಕು. ಹಾಗೆ ಓಡಿಸಿದ ಮೇಲೆ ಆ ದೇಶದ ಭೌತಶಾಸ್ತ್ರ ಮೊದಲಿನ ಹಾಗೆ ಆಗಲಿಲ್ಲ. ನಿಮ್ಮ ಲೇಖನದಲ್ಲಿ 1933 ಅಂತ ಒಂದು ವರ್ಷ ಬಂದೇ ಇಲ್ಲ, ಅದು ನನಗೆ ಸ್ವಲ್ಪ ಸಿಟ್ಟು ತರಿಸಿದ್ದು ನಿಜ.

ಈಗ ಮಿದುಳು. ಇದನ್ನು ಬರೆಯಲಿಕ್ಕೇ ಮೊದಲು ಪೆನ್ನು ಹಿಡಿದದ್ದು.

ಹೋದ ತಿಂಗಳು ಪಕ್ಕದ ಗ್ರಾಮದ ಒಬ್ಬರು ಅಮ್ಮ ಬಂದು ಪ್ಲಾಸ್ಟಿಕ್ ಲಕೋಟೆಯಿಂದ ಹಾಳೆ ತೆಗೆದು ನನ್ನ ಮೇಜಿನ ಮೇಲೆ ಹರಡಿದರು. ಮಗನ ಇಇಜಿ. ಆತನಿಗೆ ಸಣ್ಣದಿರುವಾಗಿನಿಂದ ಫಿಟ್ಸು. ಹಾಳೆ ತುಂಬ ಸಾಲು ಸಾಲು ಗೆರೆ, ಮಳೆಗಾಲದ ಗದ್ದೆಯ ನೀರಿಗೆ ಗಾಳಿ ಬೀಸಿದ ಹಾಗೆ. "ಇದರಲ್ಲಿ ಎಂತ ಉಂಟು ಅಣ್ಣಾ? ಡಾಕ್ಟ್ರು ಇಂಗ್ಲಿಷಲ್ಲಿ ಹೇಳಿದ್ರು." ಫಲಿತಾಂಶ ಓದುವುದು ನನ್ನ ಕೆಲಸ ಅಲ್ಲ, ಓದಲೂ ಇಲ್ಲ. ಆದರೆ ಗೆರೆ ಎಂದರೇನು ಅಂತ ಹೇಳಬಹುದಲ್ಲ. ಯೇನಾ ಎಂಬ ಊರಿನ ಮನೋವೈದ್ಯ ಹಾನ್ಸ್ ಬೆರ್ಗರ್ 1924ರಲ್ಲಿ ಮೊದಲ ಸಲ ಮನುಷ್ಯನ ಮಿದುಳಿನ ವಿದ್ಯುತ್ತನ್ನು ಹೀಗೆ ಗೆರೆಯಾಗಿ ಬರೆಸಿದ. ಹೆದರಿ ಐದು ವರ್ಷ ಪ್ರಕಟ ಮಾಡಲಿಲ್ಲ, 1929ರಲ್ಲಿ ಮಾಡಿದ, ಆಗಲೂ ಹೆಚ್ಚಿನವರು ನಂಬಲಿಲ್ಲ. ತನ್ನ ಮಗನ ತಲೆಗೇ ತಂತಿ ಇಟ್ಟು ನೋಡಿದ್ದ. ಕಣ್ಣು ಮುಚ್ಚಿ ಸುಮ್ನೆ ಕೂತರೆ ಸೆಕೆಂಡಿಗೆ ಸುಮಾರು 10 ಅಲೆ, ಕಣ್ಣು ಬಿಟ್ಟ ಕೂಡಲೇ ಅದು ಮಾಯ. ಬೆರ್ಗರ್ ಮೊದಲು ಹುಡುಕಲಿಕ್ಕೆ ಹೊರಟದ್ದು ಇದನ್ನಲ್ಲ, ಟೆಲಿಪಥಿಯನ್ನು! ಸೈನ್ಯದಲ್ಲಿ ಕುದುರೆಯಿಂದ ಬಿದ್ದು ಸ್ವಲ್ಪದರಲ್ಲಿ ಪಾರಾದ ದಿನ, ದೂರದಲ್ಲಿದ್ದ ತಂಗಿಗೋ ಅಕ್ಕನಿಗೋ ಮನಸ್ಸಿಗೆ ಏನೋ ತೋಚಿ ಮನೆಯಿಂದ ತಂತಿ ಬಂದಿತ್ತಂತೆ. ಅದು ಆತನ ತಲೆಯಲ್ಲಿ ಕೂತುಬಿಟ್ಟಿತು. ಹುಡುಕಿದ್ದು ಸಿಗಲಿಲ್ಲ, ಫಿಟ್ಸಿನವರಿಗೆ ಬೇಕಾದ್ದು ಸಿಕ್ಕಿತು. ಇಷ್ಟು ಹೇಳಿದಾಗ ಆ ಅಮ್ಮ ಮಗನ ಹಾಳೆಯನ್ನು ಮತ್ತೊಮ್ಮೆ ನೋಡಿದರು, ಈ ಸಲ ಬೆರಳು ಇಟ್ಟು.

ಅವರು ತೆಗೆದುಕೊಂಡು ಹೋದದ್ದು ಫಿನೋಬಾರ್ಬಿಟೋನ್ ಮತ್ತು ಕ್ಲೋಬಜಾಮ್. ಮೊದಲನೆಯದು ಫಿಟ್ಸಿಗೆ ಆಗುತ್ತದೆ ಅಂತ 1912ರಲ್ಲಿ ಕಂಡುಹಿಡಿದವನು ಫ್ರೈಬುರ್ಗ್‌ನ ಯುವ ಡಾಕ್ಟರ್ ಆಲ್‌ಫ್ರೆಡ್ ಹಾಪ್ಟ್‌ಮನ್. ನೂರು ವರ್ಷ ದಾಟಿದೆ, ಈಗಲೂ ಬಡವರ ಮದ್ದು. ಎರಡೂ ಮಾತ್ರೆ ಕೆಲಸ ಮಾಡುವುದು ಮಿದುಳಿನ ಒಂದು ಸಣ್ಣ ಬಾಗಿಲಿನಲ್ಲಿ. ಗಾಬಾ ಎಂಬ ಪದಾರ್ಥ ತಟ್ಟಿದಾಗ ಅದು ತೆರೆಯುತ್ತದೆ, ಕ್ಲೋರೈಡ್ ಒಳಗೆ ಬರುತ್ತದೆ, ಅಂದರೆ ನಮ್ಮ ಅಡುಗೆ ಉಪ್ಪಿನ ಅರ್ಧ ಪಾಲು, ಮತ್ತೆ ನರ ಕೋಶ ತಣ್ಣಗಾಗುತ್ತದೆ. ಮಿದುಳಿನ ಬ್ರೇಕು ಅನ್ನಿ. ಇಂಥ ಒಂದೊಂದೇ ಬಾಗಿಲು ತೆರೆದು ಮುಚ್ಚುವುದನ್ನು ಕೂದಲಿಗಿಂತ ಎಷ್ಟೋ ತೆಳುವಾದ ಗಾಜಿನ ಕೊಳವೆ ಒತ್ತಿಹಿಡಿದು ಅಳೆದವರು ಗಾಟಿಂಗನ್‌ನ ಎರ್ವಿನ್ ನೇಹರ್ ಮತ್ತು ಬೆರ್ಟ್ ಸಾಕ್‌ಮನ್. 1976ರಲ್ಲಿ ಪ್ರಕಟವಾಯಿತು, 1991ರಲ್ಲಿ ನೊಬೆಲ್. ನಿಮ್ಮ ಪುಟದಲ್ಲಿ ಇಬ್ಬರೂ ಇದ್ದರು, 'ಅಯಾನು ನಾಳಗಳ ಅಧ್ಯಯನ'ಕ್ಕೆ ಅಂತ. ಬಾಗಿಲು ಅಂದಿದ್ದರೆ ಏನು ಹೋಗುತ್ತಿತ್ತು?

ಯಾಕೆ ಇಷ್ಟು ಹೇಳಿದೆ ಅಂದರೆ, ಇದೇ ಬಾಗಿಲನ್ನು ಅಡ್ಡ ನಿಂತು ಮುಚ್ಚುವ ಒಂದು ವಿಷ ಇದೆ. ಎಂಡೋಸಲ್ಫಾನ್. ಕೀಟದ ನರದಲ್ಲೂ ಮುಚ್ಚುತ್ತದೆ, ಮನುಷ್ಯನದ್ದರಲ್ಲೂ ಮುಚ್ಚುತ್ತದೆ. ಬ್ರೇಕು ಹೋದರೆ ಫಿಟ್ಸು. ನಮ್ಮ ಎಣ್ಮಕಜೆ, ಪಡ್ರೆ ಕಡೆಯ ಗೇರುಗುಡ್ಡೆಗಳ ಮೇಲೆ ಟೀ ಸೊಳ್ಳೆ ಎಂಬ ಕೀಟ ಓಡಿಸಲಿಕ್ಕೆ ಅಂತ 2000ದವರೆಗೆ, ಇಪ್ಪತ್ತು ವರ್ಷಕ್ಕೂ ಜಾಸ್ತಿ, ಹೆಲಿಕಾಪ್ಟರಿನಿಂದ ಅದನ್ನು ಸುರಿದರು. ಬಾವಿ ತೆರೆದೇ ಇತ್ತು, ಗುಡ್ಡೆಗೆ ಕೊರೆದ ಸುರಂಗದ ನೀರು ಹಾಗೇ ಹರಿಯುತ್ತಿತ್ತು, ಮಕ್ಕಳು ಹೆಲಿಕಾಪ್ಟರು ನೋಡಲಿಕ್ಕೆ ಅಂಗಳಕ್ಕೆ ಓಡುತ್ತಿದ್ದೆವು. ಓಡಿದವರಲ್ಲಿ ನಾನೂ ಒಬ್ಬ. ಇಡೀ ದೇಶದಲ್ಲಿ ಅದರ ತಯಾರಿ, ಮಾರಾಟವನ್ನು ಸುಪ್ರೀಂ ಕೋರ್ಟು 2011ರಲ್ಲಿ ನಿಲ್ಲಿಸಿತು, ಅದೇ ವರ್ಷ ಸ್ಟಾಕ್‌ಹೋಮ್ ಎಂಬ ಅಂತರರಾಷ್ಟ್ರೀಯ ಒಪ್ಪಂದದ ನಿಷೇಧ ಪಟ್ಟಿಗೂ ಹೋಯಿತು. ಈ ವಿಷ ಹುಟ್ಟಿದ್ದು 1950ರ ದಶಕದಲ್ಲಿ, ಫ್ರಾಂಕ್‌ಫರ್ಟಿನ ಒಂದು ದೊಡ್ಡ ರಾಸಾಯನಿಕ ಕಂಪನಿಯಲ್ಲಿ. 1894ರಲ್ಲಿ ಬೇರಿಂಗ್‌ನ ಡಿಫ್ತೀರಿಯಾ ಸೀರಂ ಮಾರುಕಟ್ಟೆಗೆ ತಂದದ್ದೂ, 1910ರಲ್ಲಿ ಪೌಲ್ ಎರ್ಲಿಕ್‌ನ ಸಿಫಿಲಿಸ್ ಮದ್ದು ಮಾರಿದ್ದೂ ಅದೇ ಕಂಪನಿ. ಹೆಸರು ಬೇಡ, ಇಲ್ಲಿ ಹೆಸರಿನಿಂದ ಏನೂ ಆಗಬೇಕಾದ್ದಿಲ್ಲ. ಸುರಿದವರು ನಮ್ಮವರೇ.

ನನ್ನ ಸಂಕಟ ಏನೆಂದರೆ, ಗಾಬಾ ಬಾಗಿಲಿನ ವಿಷಯ ಗೊತ್ತಾಗಿ ಎಷ್ಟೋ ವರ್ಷ ಆಗಿತ್ತು. ಈ ಜಾತಿಯ ಕೀಟನಾಶಕ ಹಾಗೆ ಮಾಡುತ್ತದೆ ಅಂತ ಬರೆದೂ ಇತ್ತು. ಇಂಗ್ಲಿಷಿನಲ್ಲಿ ಇತ್ತು. ಮಕ್ಕಳಿಗೆ ಫಿಟ್ಸು ಬಂದರೆ ನಮ್ಮಲ್ಲಿ ದೈವದ ಮುನಿಸು, ನಾಗನ ದೋಷ ಅಂತ ಪ್ರಶ್ನೆ ಇಡಿಸುತ್ತಿದ್ದರು. ಅವರನ್ನು ನಾನು ಹೀಯಾಳಿಸುವುದಿಲ್ಲ, ಬೇರೆ ಉತ್ತರವನ್ನು ನಮ್ಮ ಭಾಷೆಯಲ್ಲಿ ಯಾರು ಕೊಟ್ಟಿದ್ದರು? ಮಗಳ ಶಾಲೆಯಲ್ಲಿ ಒಂದು ವರ್ಷ ವಿಜ್ಞಾನಕ್ಕೆ ಕನ್ನಡ ಬಾರದ ಮಾಸ್ಟ್ರು. ಅವರ ತಪ್ಪೂ ಅಲ್ಲ, ಕಳಿಸಿದಲ್ಲಿಗೆ ಬಂದಿದ್ದಾರೆ. ಬೋರ್ಡಿನಲ್ಲಿ ಬರೆದದ್ದನ್ನು ಮಕ್ಕಳು ಕಾಪಿ ಮಾಡಿದರು, ಮುಗಿಯಿತು. ಅಂಥ ಮಕ್ಕಳಿಗೆ ಉಳಿದಿರುವುದು ನಿಮ್ಮ ಪೇಪರು.

ಪ್ಲಾಂಕ್, ಐನ್‌ಸ್ಟೈನ್, ಹೈಸನ್‌ಬರ್ಗ್ ಎಲ್ಲ ತಮ್ಮ ಮನೆಮಾತಿನಲ್ಲೇ ಬರೆದರು. 1924ರಲ್ಲಿ ಢಾಕಾದಿಂದ ಸತ್ಯೇಂದ್ರನಾಥ ಬೋಸ್ ಇಂಗ್ಲಿಷಿನಲ್ಲಿ ಕಳಿಸಿದ ಪ್ರಬಂಧವನ್ನು ಐನ್‌ಸ್ಟೈನ್ ತಾವೇ ಕೂತು ಜರ್ಮನ್‌ಗೆ ಅನುವಾದ ಮಾಡಿ ಅಚ್ಚು ಹಾಕಿಸಿದರು. ಈಗ ಜರ್ಮನಿಯವರೂ ಇಂಗ್ಲಿಷಿನಲ್ಲೇ ಬರೆಯುತ್ತಾರೆ, ಗೊತ್ತು. ಕನ್ನಡದಲ್ಲಿ ಸಂಶೋಧನಾ ಪ್ರಬಂಧ ಬರಲಿ ಅಂತ ನಾನು ಕೇಳುತ್ತಿಲ್ಲ. ಮೊತ್ತಮೊದಲ ಕನ್ನಡ ಪತ್ರಿಕೆಯನ್ನು 1843ರಲ್ಲಿ ಮಂಗಳೂರಿನಲ್ಲಿ ಶುರು ಮಾಡಿದ್ದು ಮೋಗ್ಲಿಂಗ್ ಎಂಬ ಜರ್ಮನ್ ಪಾದ್ರಿ, 1894ರಲ್ಲಿ ಅಲ್ಲಿಯೇ ದೊಡ್ಡ ಕನ್ನಡ ನಿಘಂಟು ಅಚ್ಚು ಮಾಡಿಸಿದ್ದು ಕಿಟ್ಟೆಲ್. ಅವರು ನಮ್ಮ ಭಾಷೆಗೆ ಬಂದರು, ಅವರ ಸೀರಂ, ಬಾಗಿಲು, ತುಂಡುಗಳನ್ನೆಲ್ಲ ನಮ್ಮ ಭಾಷೆಗೆ ತರಲಿಕ್ಕೆ ವಾರಕ್ಕೆ ಅರ್ಧ ಪುಟ ಕೊಡಿ ಅಂತ ಕೇಳುತ್ತಿದ್ದೇನೆ. ಫೋಟೊ ಒಂದು ಸಾಕು. ಇಇಜಿ ಹಾಳೆಯದ್ದೇ ಹಾಕಿ, ಯಾರದ್ದು ಅಂತ ಬೇಡ.

ಆ ಲೇಖನ ಬರೆದವರಿಗೆ ನನ್ನ ಮೇಲೆ ಸಿಟ್ಟು ಬಂದರೆ ಒಮ್ಮೆ ಪೆರ್ಲಕ್ಕೆ ಬರಲಿ, ಅಂಗಡಿಯಲ್ಲಿ ಕೂತು ಒಂದೊಂದೇ ಪೆಟ್ಟಿಗೆ ತೆಗೆದು ನೋಡುವಾ. ಮಧ್ಯಾಹ್ನ ಒಂದೂವರೆಯಿಂದ ಮೂರು ಗಂಟೆ ಬಾಗಿಲು ಹಾಕಿರುತ್ತೇನೆ, ಆ ಹೊತ್ತು ಬಿಟ್ಟು.

ಇತಿ,
ಒಬ್ಬ ಮೆಡಿಕಲ್ ಶಾಪಿನವ
ಪೆರ್ಲ, ಕಾಸರಗೋಡು ಜಿಲ್ಲೆ